ನಡೆದುಹೋದ ಮೊಟ್ಟೆ

ನೋನ್ ಹಿನ್ ದೇಂಗ್,
ಕಲಾಸಿನ್ ಸೀಮೆ.
ನವೆಂಬರ್ ೧೮, ಬುದ್ಧವರ್ಷ ೨೫೬೭

ನನ್ನ ಮುದ್ದಿನ, ಸಿಡುಕಿನ, ಊರಲ್ಲೇ ಅತಿ ಚೊಕ್ಕ ಹಲ್ಲಿನ ಅಮ್ಮನಿಗೆ,

ನಿನ್ನ ಮುಕ್ದಾಳ ತಲೆಬಾಗಿದ ನಮಸ್ಕಾರ. ಮೊದಲಿಗೆ ನಿನ್ನ ಎದೆಬಡಿತ ಸರಿಪಡಿಸುತ್ತೇನೆ. ನಾವೆಲ್ಲ ಚೆನ್ನಾಗಿದ್ದೇವೆ. ನಾದಿನಿ ಲಾ ಹೆತ್ತಿದ್ದಾಳೆ, ಹೆಣ್ಣು ಕೂಸು. ಕೂಸು ಹಾಲು ಕುಡಿಯುತ್ತಿದೆ. ಅತ್ತೆ ನನ್ನನ್ನು ಮನೆಯಿಂದ ಓಡಿಸಿಲ್ಲ. ಈ ಕೊನೆಯ ಎರಡು ವಾಕ್ಯಗಳನ್ನು ಬರೆಯುವ ಭಾಗ್ಯ ನನಗಿದೆ ಎಂದು ಮೊನ್ನೆ ಬೆಳಿಗ್ಗೆ ಯಾರಾದರೂ ಹೇಳಿದ್ದರೆ ಅವರ ಕಾಲಿಗೆ ಬೀಳುತ್ತಿದ್ದೆ.

ಫೋನ್ ಮಾಡಬಹುದಿತ್ತಲ್ಲ ಎನ್ನುತ್ತೀಯ. ಫೋನಿನಲ್ಲಿ ನೀನು ನಡುವೆ ಬಾಯಿ ಹಾಕುತ್ತೀಯ ಅಮ್ಮ, ನಾನು ಕುರ್ಚಿಯ ಮೇಲೆ ಬಾಯಿ ತೆರೆದು ಮಲಗಿದ ರೋಗಿಯಾಗಿಬಿಡುತ್ತೇನೆ. ಪತ್ರವಾದರೆ ನೀನು ಸುಮ್ಮನೆ ಕೇಳಲೇಬೇಕು. ಕಾನ್ವೆಂಟಿನ ಹಾಸ್ಟೆಲಿನಿಂದ ಭಾನುವಾರ ಭಾನುವಾರ ಇಂಗ್ಲಿಷಿನಲ್ಲಿ ಬರೆಸುತ್ತಿದ್ದರಲ್ಲ, ನೆನಪಿದೆಯಾ? ನಾನು ಕ್ಷೇಮ, ಇಲ್ಲಿ ಹವೆ ಚೆನ್ನಾಗಿದೆ, ಗಣಿತದಲ್ಲಿ ಪ್ರಗತಿ ಸಾಧಿಸುತ್ತಿದ್ದೇನೆ. ಸಿಸ್ಟರ್ ಸಹಿಯವರೆಗೆ ಓದಿ ಪೆನ್ಸಿಲಿನಲ್ಲಿ ತಿದ್ದಿ ಕೊಡುತ್ತಿದ್ದರು. ಆಮೇಲೆ ನಾನು ಸಹಿಯ ಕೆಳಗೆ, ಸಣ್ಣಕ್ಷರದಲ್ಲಿ, ನಮ್ಮ ಮಾತಿನಲ್ಲಿ ನಿಜ ಬರೆಯುತ್ತಿದ್ದೆ: ಅಮ್ಮ, ಇಲ್ಲಿಯ ಸೂಪಿನಲ್ಲಿ ಹುಳ ಇದೆ, ಮಾವಿನ ಉಪ್ಪಿನಕಾಯಿ ಕಳಿಸು. ನೀನು ಪತ್ರ ತಿರುಗಿಸಿ ಮೊದಲು ಅದನ್ನೇ ಓದುತ್ತಿದ್ದೆಯಂತೆ. ಈ ಸಲ ದಯವಿಟ್ಟು ಹಾಗೆ ಮಾಡಬೇಡ. ಮೇಲಿಂದಲೇ ಓದು.

ವಿಷಯ ಇದು. ನಿನ್ನ ಕ್ಲಿನಿಕ್ಕಿನ ಗಾಜಿನ ಕಪಾಟಿನಲ್ಲಿ, ಪ್ಲಾಸ್ಟರ್ ದವಡೆಗಳ ನಡುವೆ, ನಾನು ಕೊಟ್ಟ ಕೆಂಪು ಕಲ್ಲಿನ ಮೊಟ್ಟೆ ಇದೆಯಲ್ಲ, ಅದು ಈ ಮನೆಗೆ ವಾಪಸ್ ಬರಬೇಕು. ಕೂಸಿಗೆ ತಿಂಗಳು ತುಂಬುವಷ್ಟರಲ್ಲಿ ಬರಬೇಕು. ಯಾಕೆ ಎಂದು ಹೇಳುವ ಮೊದಲು ನಿನ್ನ ಹುಬ್ಬು ಕೆಳಗಿಳಿಸು. ನನ್ನ ಸಂತೋಷವನ್ನು ಸ್ವಲ್ಪ ಕೇಳು. ಅದನ್ನು ಹೇಳದೆ ನನ್ನಿಂದ ಯಾವುದನ್ನೂ ಹೇಳಲಾಗದು.

ಅಮ್ಮ, ನನಗೆ ಇಲ್ಲಿ ಎಲ್ಲವೂ ಇಷ್ಟ. ಕಂಬಗಳ ಮೇಲೆ ನಿಂತ ಈ ಮನೆ ಇಷ್ಟ, ಅದರ ಅಡಿಯಲ್ಲಿ ಮಧ್ಯಾಹ್ನ ಎಲ್ಲರೂ ಚಾಪೆ ಹಾಸಿಕೊಂಡು ಬಿದ್ದುಕೊಳ್ಳುವುದು ಇಷ್ಟ. ಬಿದಿರಿನ ಬುಟ್ಟಿಯಿಂದ ಬಿಸಿ ಅಂಟನ್ನವನ್ನು ಚಿವುಟಿ, ಉಂಡೆ ಕಟ್ಟಿ, ಪಪ್ಪಾಯಿ ಕಾಯಿಯ ಖಾರದ ರಸಕ್ಕೆ ಅದ್ದುವುದು ಇಷ್ಟ. ಕೊಳೆಸಿದ ಮೀನಿನ ವಾಸನೆಗೆ ಮೊದಲ ವಾರ ಅಂಗಳಕ್ಕೆ ಓಡಿದ್ದೆ, ಈಗ ಅದಿಲ್ಲದಿದ್ದರೆ ಊಟ ಸಪ್ಪೆ ಎನ್ನುತ್ತೇನೆ. ಪೂಮ್ ಬಗ್ಗೆ ಬರೆಯಲು ಶುರು ಮಾಡಿದರೆ ಈ ಪತ್ರ ಮುಗಿಯುವುದಿಲ್ಲ. ಅವನು ಕೆಲಸದಿಂದ ಬರುವಾಗ ಹುಬ್ಬು, ರೆಪ್ಪೆ, ಕಿವಿಯ ಸುರುಳಿಯೆಲ್ಲ ಕೆಂಪು ಧೂಳಾಗಿರುತ್ತದೆ. ಒದ್ದೆ ಟವೆಲಿನಿಂದ ಒರೆಸುವಾಗ ಒಳಗಿನಿಂದ ನನ್ನ ಗಂಡ ಸ್ವಲ್ಪ ಸ್ವಲ್ಪವಾಗಿ ಹೊರಬರುತ್ತಾನೆ. ಅವನು ಕಲ್ಲಿನಿಂದ ಮೂಳೆ ಬಿಡಿಸುತ್ತಾನೆ, ನಾನು ಕಲ್ಲಿನಿಂದ ಅವನನ್ನು ಬಿಡಿಸುತ್ತೇನೆ. ನಗಬೇಡ.

ಕಲ್ಲು ಕೆರೆಯುವವನು ಎಂದು ನೀನು ಅವನನ್ನು ಹಂಗಿಸುತ್ತೀಯ. ಅವನು ನಿನ್ನ ಕ್ಲಿನಿಕ್ಕಿಗೆ ಮೊದಲ ಸಲ ಬಂದದ್ದು ಹಲ್ಲುನೋವಿಗಲ್ಲ, ಸವೆದುಹೋದ, ಹಲ್ಲು ಕೆರೆಯುವ ಕಡ್ಡಿಗಳಿದ್ದರೆ ಕೊಡಿ, ಮೂಳೆಗೆ ಅಂಟಿದ ಕಲ್ಲು ಬಿಡಿಸಲು ಅದಕ್ಕಿಂತ ನಯವಾದ್ದು ಯಾವುದೂ ಇಲ್ಲ ಎಂದು ಕೇಳಲು. ನೀನು ಒಂದು ಡಬ್ಬಿ ತುಂಬ ಕೊಟ್ಟೆ. ಆಮೇಲೆ, ಹಳೇ ಕಡ್ಡಿ ಕೇಳೋಕೆ ಬಂದವನು ಮಗಳನ್ನೇ ಹೊಡ್ಕೊಂಡು ಹೋದ ಎಂದು ಓಣಿಗೆಲ್ಲ ಸಾರಿದೆ. ಮೊನ್ನೆ ಅವನ ಮೇಜಿನ ಮೇಲೆ ನಿನ್ನ ಕಡ್ಡಿಯೊಂದನ್ನು ಕಂಡೆ, ನೀನು ಸುತ್ತಿದ ಹಸಿರು ಟೇಪು ಇನ್ನೂ ಹಿಡಿಯ ಮೇಲಿದೆ. ಯಾವ ಆಂಟಿಯ ದವಡೆ ಹಲ್ಲು ಕೆರೆದಿತ್ತೋ ಏನೋ, ಈಗ ಅದು ಉದ್ದ ಕೊರಳಿನ ಡೈನೋಸಾರೊಂದರ ಬೆನ್ನುಮೂಳೆ ಚೊಕ್ಕ ಮಾಡುತ್ತಿದೆ. ಹದಿಮೂರು ಕೋಟಿ ವರ್ಷ ಯಾರೂ ಹಲ್ಲುಜ್ಜಿಸದ ರೋಗಿ. ನನಗೆ ಸುಮ್ಮನೆ ಕಣ್ಣು ತುಂಬಿತು.

ಮನೆಯ ಹಿಂದೆಯೇ ಬೆಟ್ಟ. ಕೆಂಪು ಮರಳುಗಲ್ಲು, ಪದರದ ಮೇಲೆ ಪದರ, ಕೇಕನ್ನು ಓರೆಯಾಗಿ ಕತ್ತರಿಸಿ ಬಿಟ್ಟ ಹಾಗೆ. ಅದೆಲ್ಲ ಒಂದು ಕಾಲಕ್ಕೆ ನದಿಯ ಮರಳು, ಕೆಸರು ಎನ್ನುತ್ತಾನೆ ಪೂಮ್. ಕೆಂಪಿನ ನಡುವೆ ತೆಳ್ಳಗೆ ಒಂದು ಬೂದು ಗೆರೆ ಓಡುತ್ತದೆ, ಮೂಳೆಗಳು ಸಿಗುವುದು ಅದರ ಆಸುಪಾಸಿನಲ್ಲಿ. ಅವನ ಅಜ್ಜಿಯ ಕಾಲದಲ್ಲಿ ಅವು ನಾಗರಾಜನ ಮೂಳೆಗಳೆಂದು ಯಾರೂ ಮುಟ್ಟುತ್ತಿರಲಿಲ್ಲವಂತೆ. ಈಗ ಹೊಸ ಮೂಳೆ ಸಿಕ್ಕಿದ ಸುದ್ದಿ ಬಂದರೆ ಸಾಕು, ಪೌಡರ್ ಡಬ್ಬಿ ಹಿಡಿದು ಜನ ಬರುತ್ತಾರೆ, ಮೂಳೆಯ ಮೇಲೆ ಉಜ್ಜಿ ಲಾಟರಿ ನಂಬರ್ ಮೂಡುತ್ತದಾ ಎಂದು ನೋಡಲು. ಪೂಮ್ ಅವರನ್ನು ಪೊರಕೆ ಹಿಡಿದು ಓಡಿಸುತ್ತಾನೆ. ಓಡಿಹೋದವರಲ್ಲಿ ಅವನ ತಾಯಿಯೂ ಒಬ್ಬರು.

ಮೊದಲ ಸಲ ಅಗೆಯುವ ಜಾಗಕ್ಕೆ ಕರೆದೊಯ್ದಾಗ ಎರಡು ಕೆಂಪು ಚೂರುಗಳನ್ನು ನನ್ನ ಅಂಗೈಗೆ ಹಾಕಿ, ಯಾವುದು ಕಲ್ಲು, ಯಾವುದು ಮೂಳೆ ಹೇಳು ಎಂದ. ನನಗೆ ಎರಡೂ ಒಂದೇ. ನಾಲಿಗೆಗೆ ತಾಗಿಸು ಎಂದ. ಹಲ್ಲಿನ ಡಾಕ್ಟರ ಮಗಳಿಗೆ ಹೇಳುವ ಮಾತಾ ಇದು? ಆದರೂ ತಾಗಿಸಿದೆ, ಪ್ರೀತಿ ಹಾಗೆ ಮಾಡಿಸುತ್ತದೆ. ಕಲ್ಲು ಸುಮ್ಮನೆ ತಣ್ಣಗಿತ್ತು. ಮೂಳೆ ನಾಲಿಗೆಯನ್ನು ಮೆಲ್ಲಗೆ ಹಿಡಿದುಕೊಂಡಿತು, ಬಿಡಲಾರೆ ಎನ್ನುವ ಹಾಗೆ. ಅದರಲ್ಲಿ ಕಣ್ಣಿಗೆ ಕಾಣದ ತೂತುಗಳಿರುತ್ತವಂತೆ, ಒದ್ದೆಯನ್ನು ಹೀರಿ ಅಂಟಿಕೊಳ್ಳುತ್ತದಂತೆ. ಅವತ್ತೇ ಇವನನ್ನೇ ಮದುವೆಯಾಗುವುದು ಎಂದು ತೀರ್ಮಾನಿಸಿದ್ದು. ನಿನಗೆ ಹೇಳಿದ್ದು ಬೇರೆ ಕಾರಣ, ಹೋಗಲಿ ಬಿಡು.

ಒಂದೇ ತೊಂದರೆ, ಭಾಷೆ. ಅತ್ತೆ ಆಡುವುದು ಇಲ್ಲಿಯ ಲಾವೋ ಮಾತು, ಅದರಲ್ಲೂ ಬಾಯಿ ತುಂಬ ವೀಳ್ಯ ಇಟ್ಟುಕೊಂಡು. ಅರ್ಧ ನಮ್ಮ ಮಾತಿನಂತೆಯೇ ಕೇಳಿಸುತ್ತದೆ, ಆ ಅರ್ಧವೇ ಮೋಸ. ಬಂದ ಹೊಸತರಲ್ಲಿ ಒಂದು ಸಂಜೆ ಅತ್ತೆ ಬಾಗಿಲಲ್ಲಿ ನಿಂತು ‘ಯಾಂಗ್, ಯಾಂಗ್’ ಎಂದರು. ಬ್ಯಾಂಕಾಕಿನಲ್ಲಿ ಯಾಂಗ್ ಎಂದರೆ ಕೆಂಡದ ಮೇಲೆ ಸುಡು. ನಾನು ಉತ್ಸಾಹದಿಂದ ಒಲೆ ಹೊತ್ತಿಸಿ, ಸಂತೆಗೆಂದು ಎತ್ತಿಟ್ಟಿದ್ದ ಮೀನನ್ನೆಲ್ಲ ಸುಟ್ಟುಹಾಕಿದೆ. ಇಲ್ಲಿ ಯಾಂಗ್ ಎಂದರೆ ನಡೆ. ಬಾ, ಗದ್ದೆಕಡೆ ನಡೆದು ಬರೋಣ ಎಂದಿದ್ದರು ಪಾಪ. ಊರೆಲ್ಲ ನಕ್ಕಿತು. ಆಮೇಲೆ ನಾನು ಒಂದು ಉಪಾಯ ಕಂಡುಕೊಂಡೆ. ಅರ್ಥವಾಗಲಿ ಬಿಡಲಿ, ಕೈಮುಗಿದು ಹೂಂ ಅನ್ನುವುದು. ಆ ಉಪಾಯವೇ ನನ್ನನ್ನು ಮುಳುಗಿಸಿದ್ದು.

ಈ ಊರಿನಲ್ಲಿ ಅಳಿಯ ಹೆಣ್ಣಿನ ಮನೆಗೆ ಬರುವುದು ರೂಢಿ. ಸೊಸೆ ಬಂದು ಮನೆಯಲ್ಲಿ ನಿಲ್ಲುವುದು ಅಪರೂಪ. ಅತ್ತೆಗೂ ನನ್ನನ್ನು ಏನು ಮಾಡಬೇಕೆಂದು ಗೊತ್ತಿರಲಿಲ್ಲ, ನನಗೂ ಅವರನ್ನು ಏನೆಂದು ಕರೆಯಬೇಕೆಂದು ಗೊತ್ತಿರಲಿಲ್ಲ. ಮದುವೆಗೆ ಮುಂಚಿನಂತೆ ದೊಡ್ಡಮ್ಮ ಎಂದೇ ಕರೆಯುತ್ತಿದ್ದೆ. ಇಬ್ಬರೂ ಒಬ್ಬರಿಗೊಬ್ಬರು ಬಹಳ ಮರ್ಯಾದೆ ಕೊಟ್ಟುಕೊಳ್ಳುತ್ತ, ದೂರದ ನೆಂಟರಂತೆ ಇದ್ದೆವು.

ನೀನು ಹೋಟೆಲಿನಲ್ಲಿ ಅಷ್ಟು ಚೆಂದದ ಆರತಕ್ಷತೆ ಮಾಡಿಸಿದೆ. ಇಲ್ಲಿ ಹಳ್ಳಿಯಲ್ಲಿ ಖ್ವನ್ ಕರೆಯುವ ಶಾಸ್ತ್ರಕ್ಕೆ ಬರಲಾಗಲಿಲ್ಲ, ಅಂದು ನಿನಗೆ ರೋಗಿಗಳಿದ್ದರು. ದೂರುತ್ತಿಲ್ಲ ಅಮ್ಮ. ನೋಡಿಲ್ಲವಲ್ಲ ಎಂದು ಹೇಳುತ್ತಿದ್ದೇನೆ. ಬಾಳೆಲೆಯ ಗೋಪುರ ಕಟ್ಟಿ, ಹೂ ಸಿಕ್ಕಿಸಿ, ತುದಿಯಲ್ಲಿ ಬೇಯಿಸಿದ ಮೊಟ್ಟೆ ಇಟ್ಟಿದ್ದರು. ಅದರ ಬುಡದಲ್ಲಿ, ಹತ್ತಿಯ ಗೂಡಿನಲ್ಲಿ, ಈ ಕಲ್ಲಿನ ಮೊಟ್ಟೆ. ಬಾತುಕೋಳಿ ಮೊಟ್ಟೆಗಿಂತ ತುಸು ದೊಡ್ಡದು, ಒಂದು ಬದಿ ಒಡೆದದ್ದು, ಡೈನೋಸಾರ್ ಇಟ್ಟು ಕಲ್ಲಾದದ್ದು. ಪೂಮ್‌ನ ಮುತ್ತಜ್ಜನಿಗೆ ಬೆಟ್ಟದಲ್ಲಿ ಎಮ್ಮೆ ಮೇಯಿಸುವಾಗ ಸಿಕ್ಕಿತಂತೆ. ಮ್ಯೂಸಿಯಂನವರು ನೋಡಿ, ಬರೆದುಕೊಂಡು, ಮನೆಯಲ್ಲೇ ಇರಲಿ ಎಂದು ಬಿಟ್ಟದ್ದು. ನಮ್ಮೊಳಗಿನ ಖ್ವನ್, ಆ ಪ್ರಾಣದ ಹಕ್ಕಿ, ನಾವು ಹೆದರಿದಾಗ, ಜ್ವರ ಬಂದಾಗ, ಮನೆ ಬದಲಿಸಿದಾಗ ಹಾರಿಹೋಗಿ ದಾರಿ ಕಾಣದೆ ಅಲೆಯುತ್ತದೆ ಎನ್ನುತ್ತಾರಲ್ಲ. ಮೊಟ್ಟೆಯಿದ್ದಲ್ಲಿಗೆ ಹಕ್ಕಿ ವಾಪಸ್ ಬಂದೇ ಬರುತ್ತದೆ ಎಂದು ಈ ಮನೆಯವರ ನಂಬಿಕೆ. ಮುದುಕರೆಲ್ಲ ನನ್ನ ಮಣಿಕಟ್ಟಿಗೆ ಬಿಳಿ ದಾರ ಕಟ್ಟಿದರು, ಮೊಣಕೈವರೆಗೆ ದಾರ. ನಾನು ಅತ್ತದ್ದೇ ಅತ್ತದ್ದು.

ಮರುದಿನ ನಿನ್ನನ್ನು ನೋಡಲು ಬಸ್ಸು ಹತ್ತುವಾಗ ಅತ್ತೆ ಆ ಮೊಟ್ಟೆಯನ್ನು ಹತ್ತಿಯ ಸಮೇತ ನನ್ನ ಕೈಯಲ್ಲಿಟ್ಟು ಉದ್ದಕ್ಕೆ ಏನೋ ಹೇಳಿದರು. ನನಗೆ ತಿಳಿದದ್ದು ಎರಡು ತುಣುಕು. ಒಂದು, ‘ಖೋಂಗ್ ಖ್ವನ್.’ ಇನ್ನೊಂದು, ‘ಅಮ್ಮಂಗೆ ಕೊಡು.’

ಖೋಂಗ್ ಖ್ವನ್ ಎಂದರೇನು ಅಮ್ಮ? ನಿನ್ನನ್ನು ಕೇಳಿದರೂ, ಬ್ಯಾಂಕಾಕಿನ ಯಾವ ಮಗುವನ್ನು ಕೇಳಿದರೂ ಉಡುಗೊರೆ ಎನ್ನುತ್ತೀರಿ. ಹುಟ್ಟುಹಬ್ಬಕ್ಕೆ ರಿಬ್ಬನ್ ಕಟ್ಟಿ ಕೊಡುವುದು. ಅಮ್ಮನಿಗೆ ಉಡುಗೊರೆ. ಅವರ ಕಾಲು ಮುಟ್ಟಿ, ಕೈಮುಗಿದು ಹೂಂ ಹೂಂ ಎಂದೆ. ತಂದು ನಿನಗೆ ಕೊಟ್ಟೆ.

ನೀನು ಅದನ್ನು ಹಲ್ಲು ನೋಡುವ ಕನ್ನಡಿ ಹಿಡಿದು ಸುತ್ತಲೂ ನೋಡಿದೆ. ಆಮೇಲೆ ನಿನ್ನ ಅಸಿಸ್ಟೆಂಟ್ ನನಗೆ ಹೇಳಿದ್ದಾಳೆ, ಕಪಾಟಿನ ನಡುವಿನ ಸಾಲಿನಿಂದ ನಿನ್ನ ಪದಕ ತೆಗೆದು ಅಲ್ಲಿ ಮೊಟ್ಟೆ ಇಟ್ಟಿದ್ದೀಯಂತೆ, ಕೇಳಿದ ರೋಗಿಗಳಿಗೆಲ್ಲ ನನ್ನ ಬೀಗಿತ್ತಿ ಕಳಿಸಿದ್ದು ಎನ್ನುತ್ತೀಯಂತೆ. ಅದಕ್ಕೇ ಅಮ್ಮ, ಅದನ್ನು ವಾಪಸ್ ಕೇಳುವುದು ನನಗೆ ಇಷ್ಟು ಕಷ್ಟ.

ಈಗ ಕೂಸಿನ ಕಥೆ. ಲಾ ಈ ಮನೆಯ ಕೊನೆಯ ಮಗಳು. ಅವಳ ಗಂಡ ಲಾರಿ ಓಡಿಸುತ್ತಾನೆ, ಆಗ ದಕ್ಷಿಣದಲ್ಲೆಲ್ಲೋ ಇದ್ದ. ಕೂಸು ದಿನ ತುಂಬುವ ಮೊದಲೇ ಬಂತು. ನನ್ನ ಅಂಗೈಯಿಂದ ಮೊಣಕೈವರೆಗೆ ಅಷ್ಟೇ ಉದ್ದ. ಆಸ್ಪತ್ರೆಯವರು ನೋಡಿ, ತೂಕ ಕಡಿಮೆ ಆದರೆ ಗಟ್ಟಿಯಿದೆ, ಹಾಲು ಕುಡಿದರೆ ಸಾಕು ಎಂದು ಕಳಿಸಿದರು. ಕುಡಿಯಲಿಲ್ಲ ಅಮ್ಮ. ಬಾಯಿ ಹಾಕುವುದು, ಬಿಡುವುದು, ನಿದ್ದೆ ಹೋಗುವುದು. ಆರೋಗ್ಯ ಕೇಂದ್ರದ ನರ್ಸಮ್ಮ ದಿನಾ ಬಂದು ಹಾಲು ಹಿಂಡಿಸಿ ಚಮಚದಲ್ಲಿ ತೊಟ್ಟು ತೊಟ್ಟು ಬಿಡುತ್ತಿದ್ದರು. ಲಾ ಬಾಣಂತಿ ಮಂಚದಲ್ಲಿ, ಕೆಂಡದ ಪಕ್ಕ ಮಲಗಿ, ಬಿಸಿನೀರು ಕುಡಿಯುತ್ತ ಗೋಡೆ ನೋಡುತ್ತಿದ್ದಳು. ನಾನು ಕೆಂಡಕ್ಕೆ ಸೌದೆ ಒಟ್ಟುವ ಕೆಲಸದವಳು. ಎಷ್ಟು ಹರಟೆ ಹೊಡೆದರೂ ಅವಳು ತುಟಿ ಬಿಚ್ಚಲಿಲ್ಲ. ಒಮ್ಮೆ ಮಾತ್ರ ಹೇಳಿದಳು: “ನನ್ನ ಮಗು ಇನ್ನೂ ಬಂದಿಲ್ಲ ಅತ್ತಿಗೆ. ಮೈ ಮಾತ್ರ ಬಂದಿದೆ.”

ಇಲ್ಲಿ ಮೂರು ದಿನ ಕೂಸು ಮನುಷ್ಯರದಲ್ಲ. ನಾಲ್ಕನೆಯ ಬೆಳಿಗ್ಗೆ ಮೊರದಲ್ಲಿ ಮಲಗಿಸಿ, ಮೆಲ್ಲಗೆ ತೂಗಿ, ಯಾರ ಕೂಸು ಎಂದು ಕೇಳುತ್ತಾರೆ. ಒಬ್ಬಳು ಹೆಂಗಸು ನನ್ನದು ಎಂದು ಎತ್ತಿಕೊಳ್ಳಬೇಕು. ಅಲ್ಲಿಗೆ ಅದು ನಮ್ಮದಾಯಿತು. ಮೂರನೆಯ ದಿನ ಸಂಜೆ ಅತ್ತೆ ಬಂದು, ಬಹಳ ಸಂಕೋಚದಿಂದ, ನಾಳೆ ಬೆಳಿಗ್ಗೆಗೆ ಖೋಂಗ್ ಖ್ವನ್ ತಂದಿಡವ್ವ, ಮೊರದಲ್ಲಿ ಕೂಸಿನ ಪಕ್ಕ ಇಡಬೇಕು ಎಂದರು. ಆಗಲೇ ತಂದಿಟ್ಟಿದ್ದೀನಿ ದೊಡ್ಡಮ್ಮ ಎಂದು ನಾನು ಜಂಬದಿಂದ ಒಳಗೆ ಹೋಗಿ, ಖೋನ್ ಕೇನ್ ಪೇಟೆಯಿಂದ ತಂದ ಗುಲಾಬಿ ಫ್ರಾಕನ್ನು, ಬಣ್ಣದ ಕಾಗದ, ರಿಬ್ಬನ್ ಸಮೇತ ಅವರ ಕೈಗೆ ಕೊಟ್ಟೆ.

ಅವರು ಅದನ್ನು ತಿರುಗಿಸಿ ತಿರುಗಿಸಿ ನೋಡಿದರು. “ಚೆನ್ನಾಗಿದೆ ಕಣವ್ವ. ಆದ್ರೆ ಇದಲ್ಲ. ಮೊಟ್ಟೆ. ನಿನ್ನ ದಿಂಬಿನ ಪಕ್ಕ ಇಟ್ಟಿದ್ದೀಯಲ್ಲ, ಅದು.”

ಅಮ್ಮ, ಆ ಕ್ಷಣ ನನ್ನ ಎರಡು ಭಾಷೆಗಳೂ ಒಟ್ಟಿಗೆ ನಿಂತುಹೋದವು. ಖೋಂಗ್ ಖ್ವನ್. ಉಡುಗೊರೆಯಲ್ಲ, ಖ್ವನ್ನಿನ ವಸ್ತು. ಹೊಸ ಮನೆಗೆ ಬಂದವಳ ಖ್ವನ್ ಬೆದರದೆ ಇರಲಿ ಎಂದು ದಾರಿಯುದ್ದಕ್ಕೂ ಜೊತೆಗಿಟ್ಟುಕೊಳ್ಳಲು ಕೊಟ್ಟದ್ದು. ವಾಪಸ್ ಕೇಳಿದರೆ ಪೇಟೆ ಹುಡುಗಿ ನೊಂದುಕೊಳ್ಳುತ್ತಾಳೆ ಎಂದು ಇಷ್ಟು ದಿನ ಸುಮ್ಮನಿದ್ದರು. ನಾನು ಹೂಂ ಎಂದೆ. ನನ್ನ ಬಾಯಿಗೆ ಬೇರೇನೂ ಬರುವುದಿಲ್ಲವಲ್ಲ.

ಓಡಿದೆ, ಪೂಮ್‌ನ ಶೆಡ್ಡಿಗೆ. ಅವನು ಕೇಳಿ ನನ್ನ ಮೇಲೆ ರೇಗಲಿಲ್ಲ, ರೇಗಿದ್ದರೆ ಹಗುರವಾಗುತ್ತಿತ್ತು. ಬ್ಯಾಂಕಾಕಿಗೆ ಹೋಗಿ ಬೆಳಿಗ್ಗೆಯೊಳಗೆ ಬರುವಂತಿಲ್ಲ. ಕೊನೆಗೆ ಕಪಾಟಿನಿಂದ ಒಂದು ಮೊಟ್ಟೆ ತೆಗೆದ. ಕೆಲಸ ಕಲಿಯುವಾಗ ಮನೆಯ ಮೊಟ್ಟೆಗೆ ಅಚ್ಚು ತೆಗೆದು ಪ್ಲಾಸ್ಟರಿನಲ್ಲಿ ಎರಕ ಹೊಯ್ದದ್ದಂತೆ. ಚಹದ ಡಿಕಾಕ್ಷನ್ನಿನಲ್ಲಿ ಬಣ್ಣ ಕೊಟ್ಟಿದ್ದಾನೆ. ಅದೇ ಒಡಕು, ಅದೇ ಕೆಂಪು. ನಾಳೆ ಒಂದು ದಿನಕ್ಕೆ ಇದಿರಲಿ, ಆಮೇಲೆ ನಿಜವಾದ್ದನ್ನು ತಂದು ಹೇಳೋಣ, ಲಾಗೆ ಈಗ ಧೈರ್ಯ ಬೇಕು ಎಂದ. ನನಗೆ ಅದು ಸರಿ ಎನಿಸಿತು. ಬೆಳಗಾಗುವವರೆಗೂ ಸರಿ ಎನಿಸಿತ್ತು.

ಬೆಳಿಗ್ಗೆ ನೆರೆಯ ಹೆಂಗಸರೆಲ್ಲ ಬಂದು ಕೂತರು. ಮೊರದಲ್ಲಿ ಹಳೆಯ ಮೆತ್ತನೆ ಬಟ್ಟೆ ಹಾಸಿ ಕೂಸನ್ನು ಮಲಗಿಸಿದ್ದರು. ನಾನು ಹತ್ತಿಯಲ್ಲಿ ಸುತ್ತಿದ ಮೊಟ್ಟೆಯನ್ನು ತಂದಾಗ ಲಾ ಮಂಚದಿಂದ ಕೈ ಚಾಚಿದಳು. ಅಷ್ಟು ದಿನಗಳಲ್ಲಿ ಮೊದಲ ಸಲ ಅವಳ ಮುಖ ಅರಳಿತು. ಅದನ್ನು ತೆಗೆದುಕೊಂಡು ಒಡೆದ ಬದಿಯನ್ನು ತುಟಿಗೆ ಒತ್ತಿಕೊಳ್ಳಲು ಹೋದಳು. ಚಿಕ್ಕವಳಿದ್ದಾಗ ಹೆದರಿಕೆಯಾದಾಗಲೆಲ್ಲ ಹಾಗೆ ಮಾಡುತ್ತಿದ್ದಳಂತೆ, ತುಟಿಗೆ ಅಂಟಿಕೊಂಡರೆ ಧೈರ್ಯ ಬರುತ್ತಿತ್ತಂತೆ.

ಪ್ಲಾಸ್ಟರಿಗೆ ಪೂಮ್ ಮೇಲಿಂದ ವಾರ್ನಿಷ್ ಬಳಿದಿದ್ದಾನೆ. ಅದು ಅಂಟುವುದಿಲ್ಲ ಅಮ್ಮ. ಅವಳ ತುಟಿಗೆ ಅದು ಅಂಟದಿದ್ದರೆ ಅವಳು ಏನೆಂದುಕೊಳ್ಳುತ್ತಾಳೆ? ಮೊಟ್ಟೆಯೂ ತನ್ನನ್ನು ಬಿಟ್ಟಿತು ಎಂದುಕೊಳ್ಳುತ್ತಾಳೆ. ನಾನು ಅವಳ ಕೈ ಹಿಡಿದುಕೊಂಡೆ. ಇದು ಅದಲ್ಲ, ಅದು ಬ್ಯಾಂಕಾಕಿಗೆ ಹೋಗಿದೆ ಎಂದು ಹೇಳಬೇಕಿತ್ತು. ಎಲ್ಲರಿಗೂ ತಿಳಿಯಲಿ ಎಂದು ಲಾವೋ ಮಾತಿನಲ್ಲೇ ಹೇಳಲು ಹೋದೆ. ಹೋಗುವುದಕ್ಕೆ ಪದ ನೆನಪಾಗಲಿಲ್ಲ, ನಡೆಯುವುದಕ್ಕೆ ನೆನಪಾಯಿತು. “ಖೈ ಯಾಂಗ್,” ಎಂದೆ. “ಖೈ ಯಾಂಗ್ ಬ್ಯಾಂಕಾಕ್.” ಮೊಟ್ಟೆ ಬ್ಯಾಂಕಾಕಿಗೆ ನಡೆದುಹೋಯಿತು ಎಂಬುದು ನನ್ನ ಲೆಕ್ಕ.

ಆದರೆ ಖೈ ಯಾಂಗ್ ಎಂದರೆ ಸುಟ್ಟ ಮೊಟ್ಟೆ, ಇಲ್ಲಿಯ ಬಸ್‌ಸ್ಟ್ಯಾಂಡಿನಲ್ಲೂ ಮಾರುತ್ತಾರೆ, ಕಡ್ಡಿಗೆ ಚುಚ್ಚಿ. ನನ್ನ ಮೀನಿನ ಕಥೆಯೂ ಅವರಿಗೆಲ್ಲ ಗೊತ್ತು. ಮೂಲೆಯಲ್ಲಿದ್ದ ಪೂಮ್‌ನ ಅಜ್ಜಿ ಕಿವಿಗೆ ಕೈ ಹಿಡಿದು ಅತ್ತೆಯನ್ನು ಕೇಳಿದರು: “ಏನಂದ್ಲು? ಸುಟ್ಳಂತಾ?”

“ಸುಟ್ಟು ತಿಂದ್ಳಂತೆ,” ಎಂದಳು ಪಕ್ಕದ ಮನೆಯವಳು.

“ಹದಿಮೂರು ಕೋಟಿ ವರ್ಷದ್ದು ಹೆಂಗೆ ಬೇಯ್ತೇ?” ಎಂದಳು ಇನ್ನೊಬ್ಬಳು. “ಅದಕ್ಕೇ ಅವಳಮ್ಮ ಹಲ್ಲಿನ ಡಾಕ್ಟ್ರು.”

ಆಗ ನಕ್ಕವರು ಯಾರು ಗೊತ್ತಾ? ಲಾ. ಗೋಡೆ ನೋಡುತ್ತಿದ್ದ ಲಾ. ಹೊಟ್ಟೆ ಹಿಡಿದುಕೊಂಡು, ನೋವಿಗೆ ಅಯ್ಯೋ ಎನ್ನುತ್ತ, ಕಣ್ಣಲ್ಲಿ ನೀರು ಬರುವಂತೆ ನಕ್ಕಳು. ಅವಳನ್ನು ನೋಡಿ ಎಲ್ಲರೂ. ನಾನು ಮಾತ್ರ ಅಳುತ್ತಿದ್ದೆ. ಪೂಮ್ ಬಾಗಿಲಾಚೆಯಿಂದ ಬಂದು ಎಲ್ಲವನ್ನೂ ನೆಟ್ಟಗಿನ ಲಾವೋ ಮಾತಿನಲ್ಲಿ ಹೇಳಿದ. ಮೊಟ್ಟೆಯನ್ನು ನಾನು ನನ್ನ ತಾಯಿಗೆ ಕೊಟ್ಟದ್ದು, ಅವರು ಜೋಪಾನವಾಗಿಟ್ಟದ್ದು, ಇದು ತಾನು ಮಾಡಿದ ನಕಲು, ಹೀಗೆ ಮಾಡಬಾರದಿತ್ತು ಎಂದು.

ಅತ್ತೆ ನನ್ನ ಮುಂದೆ ಬಂದು ಕೂತರು. ಕೋಪ ಮಾಡುತ್ತಾರೆ ಎಂದುಕೊಂಡೆ. ಅವರಿಗೆ ನಿಜಕ್ಕೂ ಅರ್ಥವಾಗಿರಲಿಲ್ಲ.

“ಅಮ್ಮಂಗೆ ಕೊಡು ಅಂದಿದ್ನಲ್ಲೇ,” ಎಂದರು.

“ಕೊಟ್ಟೆನಲ್ಲ,” ಎಂದೆ. “ಅಮ್ಮನಿಗೇ ಕೊಟ್ಟೆ.”

ಅವರು ನನ್ನ ಮುಖವನ್ನೇ ನೋಡಿದರು. ಆಮೇಲೆ, ಸಣ್ಣ ದನಿಯಲ್ಲಿ: “ನಾನಲ್ವೇನೇ ಅಮ್ಮ?”

ನಮ್ಮ ದೇಶದ ತಾಯಂದಿರೆಲ್ಲ ತಮ್ಮನ್ನು ತಾವು ಅಮ್ಮ ಎಂದೇ ಹೇಳಿಕೊಳ್ಳುವುದಲ್ಲವಾ? ನೀನೂ ಹಾಗೇ. ಅಮ್ಮಂಗೆ ನೀರು ತಂದ್ಕೊಡು, ಅಮ್ಮ ಹೇಳೋದು ಕೇಳು. ಬಂದಮೇಲೆ ಅಮ್ಮಂಗೆ ಕೊಡು ಎಂದರೆ ನನಗೇ ವಾಪಸ್ ಕೊಡು ಎಂದು. ಅವರು ಮೊದಲ ದಿನದಿಂದಲೇ ತಮ್ಮನ್ನು ನನ್ನ ಅಮ್ಮ ಎಂದುಕೊಂಡಿದ್ದರು. ದೊಡ್ಡಮ್ಮ ಎಂದುಕೊಂಡಿದ್ದವಳು ನಾನು.

ಹೂಂ ಎಂದೆ. ಜೀವನದಲ್ಲಿ ಮೊದಲ ಸಲ ಅರ್ಥವಾಗಿ ಹೂಂ ಎಂದದ್ದು.

ಅಜ್ಜಿಗೆ ಇದೆಲ್ಲ ಸಾಕಾಗಿತ್ತು. ಬಿಸಿಲೇರ್ತಿದೆ, ಕೂಸು ಕಾಯ್ತಿದೆ, ಮೊಟ್ಟೆಯ ಜಾಗಕ್ಕೆ ಬೆಟ್ಟದ ಕಲ್ಲೇ ತಂದಿಡ್ರೋ, ಅದೂ ಅದೇ ಬೆಟ್ಟದ ಹೊಟ್ಟೆಯದ್ದೇ ಎಂದರು. ಪೂಮ್ ಹಿತ್ತಲಿಗೆ ಹೋಗಿ ಅಂಗೈಯಗಲದ ಕೆಂಪು ಕಲ್ಲೊಂದನ್ನು ತಂದು ಮೊರದಲ್ಲಿಟ್ಟ. ಅಜ್ಜಿ ಮೊರ ಹಿಡಿದು ಮೆಲ್ಲಗೆ ತೂಗಿದರು. “ಮೂರು ದಿನ ದೆವ್ವದ ಕೂಸು, ನಾಕನೇ ದಿನ ಮನುಷ್ಯರ ಕೂಸು. ಯಾರದಿದು? ಯಾರದಾದ್ರೂ ಎತ್ಕೊಳ್ಳಿ.” ಎತ್ತಿಕೊಳ್ಳಬೇಕಾಗಿದ್ದವಳು ಪಕ್ಕದ ಮನೆಯ ಗಟ್ಟಿಗಿತ್ತಿ, ಏಳು ಹೆತ್ತವಳು. ಅತ್ತೆ ಅವಳ ಮೊಣಕೈ ಹಿಡಿದು ಕೂರಿಸಿ ನನ್ನನ್ನು ಮುಂದೆ ತಳ್ಳಿದರು. ನಾನು ಎತ್ತಿಕೊಂಡೆ ಅಮ್ಮ. ನನ್ನದು ಎಂದೆ. ಉಚ್ಚಾರ ಸರಿಯಿತ್ತೋ ಏನೋ, ಯಾರೂ ನಗಲಿಲ್ಲ. ಕೂಸು ಕಣ್ಣು ಬಿಟ್ಟು ನನ್ನನ್ನು ನೋಡಿ, ಬಾಯಿ ಇಷ್ಟಗಲ ಮಾಡಿ, ಮನೆ ಹಾರಿಹೋಗುವಂತೆ ಕಿರುಚಿತು.

ಅದುವರೆಗೆ ಅದು ಅತ್ತಿರಲೇ ಇಲ್ಲ, ಬರೀ ಮುಲುಕುತ್ತಿತ್ತು. ಲಾ ಎದ್ದು ಕೂತು, ಕೊಡಿ ಇಲ್ಲಿ ಎಂದು ಕಸಿದುಕೊಂಡಳು. ನರ್ಸಮ್ಮ ಹೇಳಿಕೊಟ್ಟಂತೆ ತಲೆಯನ್ನು ಅಂಗೈಯಲ್ಲಿ ಹಿಡಿದು ಎದೆಗಿಟ್ಟಳು. ಕೂಸು ಹುಡುಕಿತು, ಬಿಟ್ಟಿತು, ಮತ್ತೆ ಹುಡುಕಿತು, ಹಿಡಿದುಕೊಂಡಿತು. ಬಿಡಲಿಲ್ಲ. ಗುಟುಕರಿಸುವ ಸದ್ದು ಕೇಳಿಸಿತು. “ಅಂಟ್ಕೊಂಡ್ಳು,” ಎಂದಳು ಲಾ, ಯಾರಿಗೂ ಅಲ್ಲ.

ಇದು ಕಲ್ಲಿನಿಂದ ಆಯಿತು ಎಂದು ನಾನು ಹೇಳುತ್ತಿಲ್ಲ, ನೀನು ವಿಜ್ಞಾನದವಳು. ನರ್ಸಮ್ಮ ಸಂಜೆ ಬಂದು, ತಾಯಿ ಮೈ ಸಡಿಲ ಬಿಟ್ಟಿದ್ದಾಳೆ, ಹಾಲು ತಾನಾಗಿ ಇಳಿದಿದೆ ಎಂದರು. ನಗು ಬಂದರೆ ಹಾಲು ಬರುತ್ತದಂತೆ. ಹಾಗಾದರೆ ಇದರಲ್ಲಿ ನನ್ನ ಕೆಟ್ಟ ಲಾವೋ ಮಾತಿಗೂ ಒಂದು ಪಾಲಿದೆ. ಕೂಸನ್ನು ಎಲ್ಲರೂ ಖೈ, ಮೊಟ್ಟೆ, ಎಂದೇ ಕರೆಯುತ್ತಿದ್ದಾರೆ. ನನ್ನನ್ನು ರೇಗಿಸಬೇಕೆನಿಸಿದಾಗ ಖೈ ಯಾಂಗ್. ಇವತ್ತು ತೂಕ ಹಾಕಿದರು, ಏರಿದೆ. ನಾನು ಮನೆಯ ಮೆಟ್ಟಿಲಲ್ಲಿ ಕೂತು ಇದನ್ನು ಬರೆಯುತ್ತಿದ್ದೇನೆ, ಒಳಗೆ ಅದು ಮತ್ತೆ ಹಸಿವಿಗೆ ಕಿರುಚುತ್ತಿದೆ. ಇಷ್ಟು ಇಂಪಾದ ಸದ್ದನ್ನು ನಾನು ಕೇಳಿಲ್ಲ.

ಈಗ ನಿನ್ನ ಕೆಲಸ. ತಿಂಗಳು ತುಂಬಿದ ದಿನ ಕೂಸಿನ ಮೊದಲ ಕೂದಲು ತೆಗೆದು, ಖ್ವನ್ ಕರೆದು, ದಾರ ಕಟ್ಟಿ, ತೊಟ್ಟಿಲಿಗೆ ಹಾಕುತ್ತಾರೆ. ಅಂದು ಮೊಟ್ಟೆ ಇರಲೇಬೇಕು, ಲಾ ಅದನ್ನು ಮಾತ್ರ ಬಿಟ್ಟುಕೊಡುವುದಿಲ್ಲ. ಪೂಮ್ ಬಸ್ಸು ಹತ್ತಿ ಬರಲು ತಯಾರಿದ್ದ. ಆದರೆ ಅತ್ತೆ ಹೇಳುವುದೇನೆಂದರೆ, ಈ ಮನೆಯ ನಿಯಮದ ಪ್ರಕಾರ ಅದು ಯಾರ ಬಳಿ ಇದೆಯೋ ಅವರೇ, ಕೈಯಾರೆ, ಮಡಿಲಲ್ಲಿಟ್ಟುಕೊಂಡು ತರಬೇಕಂತೆ. ಬೇರೆಯವರು ತಂದರೆ, ಪೆಟ್ಟಿಗೆಯಲ್ಲಿ ಬಂದರೆ, ಖ್ವನ್ ದಾರಿ ತಪ್ಪುತ್ತದಂತೆ. ಹಾಗಾಗಿ ನೀನೇ ಬರಬೇಕು. ಬೇರೆ ದಾರಿಯಿಲ್ಲ. ನಿಯಮ ಎಂದರೆ ನಿಯಮ, ನಿನಗೆ ನಾನು ಹೇಳಬೇಕಾ? ಹಲ್ಲುಗಳು ಎಲ್ಲಿಗೂ ಓಡಿಹೋಗುವುದಿಲ್ಲ, ಎರಡು ದಿನ ಕ್ಲಿನಿಕ್ ಮುಚ್ಚು.

ಕಪಾಟು ಖಾಲಿಯಾಗುತ್ತದೆ ಎಂದು ಬೇಸರಿಸಬೇಡ. ಈ ಪತ್ರದ ಜೊತೆ ಡಬ್ಬಿಯಲ್ಲಿರುವುದು ಪೂಮ್‌ನ ಎರಕದ ಮೊಟ್ಟೆ. ಬೀಗಿತ್ತಿಗೆ ಅತ್ತೆ ತಾವೇ ಹತ್ತಿ ಸುತ್ತಿ ಕಳಿಸುತ್ತಿದ್ದಾರೆ. ಇದು ನಿಜವಾದ ಖೋಂಗ್ ಖ್ವನ್, ಬ್ಯಾಂಕಾಕಿನ ಅರ್ಥದಲ್ಲಿ. ಗಾಜಿನೊಳಗೆ ಇಟ್ಟರೆ ಯಾವ ರೋಗಿಗೂ ತಿಳಿಯುವುದಿಲ್ಲ, ನಾಲಿಗೆಗೆ ತಾಗಿಸದಿದ್ದರೆ ಆಯಿತು.

ಬರುವಾಗ ಸವೆದ ಕಡ್ಡಿಗಳಿದ್ದರೆ ತಾ. ಪೂಮ್ ಕೇಳಲು ಹೆದರುತ್ತಾನೆ.

ನಿನ್ನ ಹರಟೆಮಲ್ಲಿ, ಈಗ ಒಂದು ಕೂಸಿಗೆ ನನ್ನದು ಎಂದು ಹೇಳಿರುವ,
ಮುಕ್ದಾ

ತಾ.ಕ.: ಮೊದಲು ಇದನ್ನೇ ಓದುತ್ತೀಯ ಎಂದು ಗೊತ್ತು. ಅಂಥ ನಿಯಮ ಈ ಮನೆಯಲ್ಲಿ ಯಾವತ್ತೂ ಇರಲಿಲ್ಲ ಅಮ್ಮ. ಪಾಪ, ಅವರು ಬಿಡುವಿಲ್ಲದವರು, ಹತ್ತಿ ಸುತ್ತಿ ಕೊರಿಯರ್ ಮಾಡಿದರೆ ಸಾಕು ಎಂದೇ ಅತ್ತೆ ಹೇಳಿದ್ದು. ನಾನು ಅವರಿಗೆ, ಇಲ್ಲ, ನಮ್ಮಮ್ಮ ಕೇಳುವುದಿಲ್ಲ, ಬೀಗಿತ್ತಿಯ ವಸ್ತುವನ್ನು ಬೇರೆಯವರ ಕೈಗೆ ಕೊಡುವುದಿಲ್ಲ, ತಾನೇ ತರುತ್ತೇನೆ ಎಂದು ಹಟ ಹಿಡಿದಿದ್ದಾಳೆ ಎಂದು ಹೇಳಿಬಿಟ್ಟಿದ್ದೇನೆ. ಇನ್ನೊಂದು, ಇಲ್ಲಿ ಅವರನ್ನು ನಾನೀಗ ಅಮ್ಮ ಎಂದೇ ಕರೆಯುವುದು, ನಿನಗಾಗಿ ಪತ್ರದಲ್ಲಿ ಅತ್ತೆ ಎಂದು ಬರೆದೆ. ಅಮ್ಮ ನಿನ್ನೆಯಿಂದ ಅಮ್ಮನಿಗಾಗಿ ಹೊಸ ಹಾಸಿಗೆಯನ್ನು ಬಿಸಿಲಿಗೆ ಹಾಕಿ, ಗಳಿಗೆಗೊಮ್ಮೆ ಮಗುಚಿಹಾಕುತ್ತಿದ್ದಾರೆ.